ರೆನೆ ಬ್ಲಾಂಶಾರ್: ಪಾದ್ರಿ ಮನೆಯ ಅಡುಗೆಮನೆಯಿಂದ ಟಿವಿ ಧಾರಾವಾಹಿವರೆಗೆ. ಅಕೇಡಿಯನ್ ಸಿನಿಮಾ ನೋಡಿರೋರು ಯಾರಾದ್ರೂ ಇದ್ದೀರಾ?

ಸುಮಾ_ಕಟಿಂಗ್‌ಟೇಬಲ್

ನಮ್ಮ ಫಿಲ್ಮ್ ಸೊಸೈಟಿಯಲ್ಲಿ ಕೆನಡಾದ ಮಹಿಳಾ ನಿರ್ದೇಶಕರ ಮೇಲೆ ಒಂದು ಸರಣಿ ಇಟ್ಟುಕೊಂಡಿದ್ದೇವೆ. ಮಾತಾಡಲು ಒಪ್ಪಿದವರೆಲ್ಲ ಟೊರಾಂಟೊ, ಮಾಂಟ್ರಿಯಲ್ ಕಡೆಯ ಹೆಸರುಗಳನ್ನೇ ಹಿಡಿದುಕೊಂಡರು. ನಾನು ರೆನೆ ಬ್ಲಾಂಶಾರ್ ಅಂದೆ. ಸಭೆಯಲ್ಲಿ ಯಾರೂ ಆ ಹೆಸರು ಕೇಳಿರಲಿಲ್ಲ, ಇಲ್ಲಾದರೂ ಒಬ್ಬಿಬ್ಬರು ಸಿಗಬಹುದು ಅಂತ ಬರೀತಿದ್ದೇನೆ.

ಗೊತ್ತಿಲ್ಲದವರಿಗೆ: ಕೆನಡಾದ ಪೂರ್ವ ತುದಿಯಲ್ಲಿ ನ್ಯೂ ಬ್ರನ್ಸ್‌ವಿಕ್ ಅನ್ನೋ ಪ್ರಾಂತ್ಯ ಇದೆ. ಅಲ್ಲಿ ಹತ್ತರಲ್ಲಿ ಮೂವರ ಮನೆಮಾತು ಫ್ರೆಂಚ್. ಅವರಲ್ಲಿ ಬಹುಪಾಲು ಅಕೇಡಿಯನ್ನರು. ಪಕ್ಕದ ಫ್ರೆಂಚ್ ಪ್ರಾಂತ್ಯ ಕ್ವಿಬೆಕ್‌ನವರಲ್ಲ, ಹಾಗಂದರೆ ಅವರಿಗೆ ಸಿಟ್ಟೂ ಬರುತ್ತೆ. 17ನೇ ಶತಮಾನದ ಶುರುವಿನಲ್ಲೇ ಅಟ್ಲಾಂಟಿಕ್ ದಡಕ್ಕೆ ಬಂದು ನೆಲೆಸಿದ ಫ್ರೆಂಚರ ಸಂತತಿ. 1713ರ ಒಪ್ಪಂದದಲ್ಲಿ ಆ ನೆಲ ಬ್ರಿಟಿಷರ ಕೈಗೆ ಹೋಯ್ತು. 1755ರಿಂದ 1763ರವರೆಗೆ ಹತ್ತು ಸಾವಿರಕ್ಕೂ ಹೆಚ್ಚು ಜನರನ್ನು ಹಡಗಿಗೆ ತುಂಬಿ ದಿಕ್ಕಾಪಾಲು ಮಾಡಿದರು. ತಪ್ಪಿಸಿಕೊಂಡವರು, ಮರಳಿ ಬಂದವರು ಕಟ್ಟಿಕೊಂಡಿದ್ದೇ ಇವತ್ತಿನ ಅಕೇಡಿಯ. ಅದಕ್ಕೆ ನಕ್ಷೆಯಲ್ಲಿ ಗಡಿಯೂ ಇಲ್ಲ, ಸರ್ಕಾರವೂ ಇಲ್ಲ.

ಬ್ಲಾಂಶಾರ್ ಆ ಪ್ರಾಂತ್ಯದ ಈಶಾನ್ಯ ಮೂಲೆಯ ಕಾರಾಕೆ ಅನ್ನೋ ಮೀನುಗಾರರ ಪಟ್ಟಣದವರು. 1996ರಲ್ಲಿ ‘ವೊಕಾಸಿಯೋಂ ಮೆನಾಜೇರ್’ ಅಂತ ಒಂದು ಸಾಕ್ಷ್ಯಚಿತ್ರ ಮಾಡಿದರು. ಪಾದ್ರಿಗಳ ಮನೆಯಲ್ಲಿ ಜೀವಮಾನವಿಡೀ ಅಡುಗೆ, ಬಟ್ಟೆ, ಬಾಗಿಲು ನೋಡಿಕೊಂಡ ಹೆಂಗಸರ ಬಗ್ಗೆ. ಆಮೇಲೆ 2002ರ ಚಿತ್ರ, ಗ್ವಾಟೆಮಾಲದಲ್ಲಿ ಸತ್ತ ರಾವುಲ್ ಲೆಜೆ ಅನ್ನೋ ಅಕೇಡಿಯನ್ ಮಿಷನರಿ ಬಗ್ಗೆ. 2008ರಲ್ಲಿ ಕೆನಡಾದ ಸಾರ್ವಜನಿಕ ಫ್ರೆಂಚ್ ಚಾನೆಲ್ ರೇಡಿಯೊ-ಕೆನಡಾ ಟಿವಿಗೆ ‘ಬೆಲ್-ಬೇ’ ಧಾರಾವಾಹಿ ಹುಟ್ಟುಹಾಕಿದರು. 2020ರಲ್ಲಿ ‘ಲೆ ಸಿಲಾನ್ಸ್’: ಅಕೇಡಿಯನ್ ಊರುಗಳಲ್ಲಿ ಪಾದ್ರಿಗಳು ಹುಡುಗರ ಮೇಲೆ ನಡೆಸಿದ ಲೈಂಗಿಕ ದೌರ್ಜನ್ಯ ಮತ್ತು ಅದರ ಬಗ್ಗೆ ಊರಿಗೂರೇ ದಶಕಗಳ ಕಾಲ ಬಾಯಿ ಮುಚ್ಚಿಕೊಂಡಿದ್ದು.

ನನಗೆ 1996ರ ಚಿತ್ರ ಮತ್ತು 2020ರ ಚಿತ್ರ ಎರಡನ್ನೂ ಒಂದೇ ಸಂಜೆ ತೋರಿಸಬೇಕು ಅಂತ ಆಸೆ. ಒಂದೇ ಮನೆಯನ್ನು ಇಪ್ಪತ್ತನಾಲ್ಕು ವರ್ಷದ ಅಂತರದಲ್ಲಿ ಎರಡು ಬಾಗಿಲಿಂದ ಹೊಕ್ಕ ಹಾಗೆ ಇದೆ. ಏನಂತೀರಿ?

ಚಿತ್ರಪಟ_77

ಒಳ್ಳೆ ಆಯ್ಕೆ ಮೇಡಂ. ಆದ್ರೆ ಎರಡೂ ಚರ್ಚಿನ ಚಿತ್ರ ತೋರಿಸಿದ್ರೆ ನಿಮ್ಮ ಪ್ರೇಕ್ಷಕರು ಆಕೆಯನ್ನ “ಚರ್ಚ್ ವಿರೋಧಿ ನಿರ್ದೇಶಕಿ” ಅಂತ ಒಂದು ಡಬ್ಬಿಗೆ ಹಾಕಿ ಮನೆಗೆ ಹೋಗ್ತಾರೆ. ಧಾರಾವಾಹಿ ಬಗ್ಗೆ ಒಂದೇ ಸಾಲು ಬರೆದು ಮುಂದೆ ಹೋದ್ರಲ್ಲ?

ದೇಸಾಯಿ_ಹುಬ್ಬಳ್ಳಿ

ನಾನೂ ಅದನ್ನ ಕೇಳಾಂವ ಇದ್ದೆ. ನಾವು ಫಿಲ್ಮ್ ಸೊಸೈಟಿ ಮಂದಿಗೆ ಧಾರಾವಾಹಿ ಅಂದ್ರ ಮೂಗು ಮುರಿಯೋ ಚಟ. ಸಾಕ್ಷ್ಯಚಿತ್ರ ಮಾಡಿದ್ರ ಕಲಾವಿದೆ, ಸೀರಿಯಲ್ ಮಾಡಿದ್ರ ಹೊಟ್ಟೆಪಾಡು. ಹಂಗ ಅಲ್ಲರೀ ಅದು. ಸಣ್ಣ ಭಾಷಾ ಸಮುದಾಯಕ್ಕ ವಾರಾ ವಾರಾ ಟಿವ್ಯಾಗ ತಮ್ಮ ಊರು, ತಮ್ಮ ದಕ್ಕೆ, ತಮ್ಮ ಮಾತು ಕಾಣೋದು ಅಂದ್ರ ಸಣ್ಣ ಮಾತಲ್ಲ. ಸಾಕ್ಷ್ಯಚಿತ್ರ ಎಷ್ಟು ಮಂದಿ ನೋಡ್ತಾರ? ಸೀರಿಯಲ್ ಅಜ್ಜಿ ನೋಡ್ತಾಳ, ಮೊಮ್ಮಗ ನೋಡ್ತಾನ.

ಮಾಂಕ್ಟನ್_ಮಂಡ್ಯದವ

ನಮಸ್ಕಾರ. ನಾನು ಅದೇ ನ್ಯೂ ಬ್ರನ್ಸ್‌ವಿಕ್‌ನ ಮಾಂಕ್ಟನ್ ನಗರದಲ್ಲೇ ಇರೋದು, ಓದಕ್ಕೆ ಬಂದು ಕೆಲಸಕ್ಕೆ ನಿಂತೋನು. ಇಲ್ಲಿ ಕನ್ನಡದೋರು ಇತ್ತೀಚಿಗೆ ಒಂದಷ್ಟು ಸೇರ್ಕೊಂಡಿದೀವಿ. ಕನ್ನಡದಲ್ಲಿ ಈ ವಿಷಯ ಯಾರಾದ್ರೂ ಎತ್ತುತಾರೆ ಅಂತ ಕನಸಲ್ಲೂ ಅಂದ್ಕೊಂಡಿರಲಿಲ್ಲ ಕಣ್ರೀ.

ನೆಲದ ಸಂಗತಿ ಒಂದೆರಡು ಹೇಳ್ತೀನಿ. ಕಾರಾಕೆ 2021ರಲ್ಲಿ ನಾಲ್ಕು ಸಾವಿರ ಚಿಲ್ಲರೆ ಜನ ಇದ್ದ ಊರು. ಮಾಂಕ್ಟನ್‌ನಿಂದ ಕಾರಲ್ಲಿ ಎರಡೂವರೆ ಮೂರು ಗಂಟೆ. ಚಾಲರ್ ಕೊಲ್ಲಿ ದಡ, ಏಡಿ, ಸೀಗಡಿ, ಲಾಬ್‌ಸ್ಟರ್. ಚಳಿಗಾಲದಲ್ಲಿ ಸಮುದ್ರ ಹೆಪ್ಪುಗಟ್ಟಿದ ಮೇಲೆ ಕೆಲಸ ಇಲ್ಲ. ಆಗಸ್ಟ್ 15 ಬಂತು ಅಂದ್ರೆ ಊರೆಲ್ಲ ಬೀದಿಗಿಳಿದು ತಟ್ಟೆ, ಬೋಗುಣಿ, ಹಾರ್ನು, ಸಿಕ್ಕಿದ್ದನ್ನೆಲ್ಲ ಬಡೀತಾ ಮೆರವಣಿಗೆ ಹೋಗ್ತಾರೆ. ನಮಗೆ ಸ್ವಾತಂತ್ರ್ಯ ದಿನ, ಇವರಿಗೆ ಅದೇ ದಿನ ಅಕೇಡಿಯನ್ ರಾಷ್ಟ್ರೀಯ ಹಬ್ಬ. ಮೊದಲ ವರ್ಷ ಇಲ್ಲಿನ ನಮ್ಮ ಹುಡುಗರು ತ್ರಿವರ್ಣ ಹಿಡ್ಕೊಂಡು ಹೋಗಿ ಆ ಗದ್ದಲದಲ್ಲೇ ಸೇರ್ಕೊಂಡಿದ್ರು.

‘ಬೆಲ್-ಬೇ’ ಶೂಟಿಂಗ್ ಆಗಿದ್ದು ಕಾರಾಕೆ ಕಡೆಯಲ್ಲೇ. ಧಾರಾವಾಹಿಯ ಊರು ಕಾಲ್ಪನಿಕ, ಆದ್ರೆ ಕ್ಯಾಮೆರಾಗೆ ಸಿಕ್ಕ ಸಮುದ್ರ, ಮನೆ, ಬೀದಿ ನಿಜದ್ದು. ಅಷ್ಟು ದೊಡ್ಡ ಫ್ರೆಂಚ್ ಧಾರಾವಾಹಿನ ಕ್ವಿಬೆಕ್ ಬಿಟ್ಟು ಅಷ್ಟು ದೂರದಲ್ಲಿ ಚಿತ್ರೀಕರಣ ಮಾಡೋದು ಸಾಮಾನ್ಯ ಅಲ್ಲ. ಕ್ವಿಬೆಕ್‌ನ ಮಾಂಟ್ರಿಯಲ್ ಇಲ್ಲಿಂದ ಸುಮಾರು ಸಾವಿರ ಕಿಲೋಮೀಟರ್. ಕ್ಯಾಮೆರಾ ಬಾಡಿಗೆ, ಲೈಟು, ಅನುಭವಸ್ಥ ತಂತ್ರಜ್ಞರು ಎಲ್ಲ ಅಲ್ಲೇ ಇರೋದು.

ಸುಮಾ_ಕಟಿಂಗ್‌ಟೇಬಲ್

ಧಾರಾವಾಹಿಯನ್ನು ಕೀಳಾಗಿ ಕಾಣ್ತಿಲ್ಲ ದೇಸಾಯಿ ಸರ್. ಒಂದು ಸಂಜೆಯಲ್ಲಿ ಧಾರಾವಾಹಿ ತೋರಿಸೋದು ಹೇಗೆ? ಒಂದು ಎಪಿಸೋಡ್ ಕತ್ತರಿಸಿ ತೋರಿಸಿದರೆ ಅದು ಟ್ರೇಲರ್ ಆಗುತ್ತೆ.

ಮಾಂಕ್ಟನ್‌ನವರೇ, ಸಿಕ್ಕಿದ್ದು ಭಾಗ್ಯ. ನಿಮ್ಮನ್ನು ಬಿಡೋದಿಲ್ಲ. ಅಲ್ಲಿ ಸಿನಿಮಾ ಅನ್ನೋದು ಹೇಗೆ ಶುರುವಾಯ್ತು, ದುಡ್ಡು ಎಲ್ಲಿಂದ ಬರುತ್ತೆ, ಅದನ್ನು ಸ್ವಲ್ಪ ಹೇಳಿ.

ಮಾಂಕ್ಟನ್_ಮಂಡ್ಯದವ

ನಾನು ಸಿನಿಮಾದವನಲ್ಲ, ಲಾಜಿಸ್ಟಿಕ್ಸ್ ಕೆಲಸ. ಆದ್ರೂ ನವೆಂಬರ್‌ನಲ್ಲಿ ಇಲ್ಲಿ ಒಂದು ಫ್ರೆಂಚ್ ಚಿತ್ರೋತ್ಸವ ನಡೆಯುತ್ತೆ, ಎಫ್‌ಐಸಿಎಫ್‌ಎ ಅಂತಾರೆ, 1987ರಿಂದ ನಡೀತಿದೆ. ಫ್ರೆಂಚ್ ಕಲಿಯೋ ನೆಪದಲ್ಲಿ ಹೋಗ್ತೀನಿ, ಹಾಗಾಗಿ ಅಷ್ಟಿಷ್ಟು ಗೊತ್ತು.

ಇಲ್ಲಿ ಎಲ್ಲದಕ್ಕೂ ಬುಡ ಎರಡು ಸಂಸ್ಥೆ. ಒಂದು ರೇಡಿಯೊ-ಕೆನಡಾ. ಮಾಂಕ್ಟನ್‌ನಲ್ಲಿ ಫ್ರೆಂಚ್ ಟಿವಿ ಕೇಂದ್ರ ತೆರೆದದ್ದು 1959ರಲ್ಲಿ. ಇನ್ನೊಂದು ರಾಷ್ಟ್ರೀಯ ಚಲನಚಿತ್ರ ಮಂಡಳಿ, ಎನ್‌ಎಫ್‌ಬಿ. ಅದು 1939ರ ಸಂಸ್ಥೆ, ಆದ್ರೆ ಅಕೇಡಿಯನ್ನರಿಗೆ ಅಂತ ಮಾಂಕ್ಟನ್‌ನಲ್ಲಿ ಸ್ಟುಡಿಯೊ ತೆರೆದದ್ದು 1974ರಲ್ಲಿ. ಅದಕ್ಕೆ ಮುಂಚೆ ಸಿನಿಮಾ ಮಾಡ್ಬೇಕು ಅಂದ್ರೆ ಮಾಂಟ್ರಿಯಲ್ ಬಸ್ಸು ಹತ್ತಬೇಕಿತ್ತು. ಲೆಯೊನಾರ್ ಫಾರೆಸ್ಟ್ ಅನ್ನೋರು ಹಾಗೇ ಮಂಡಳಿಯೊಳಗೆ ಸೇರಿ ದಾರಿ ಮಾಡ್ಕೊಟ್ಟವರು.

ತೆಂಕುಪೇಟೆ_ಗೀತಾ

1968ರ ವಿದ್ಯಾರ್ಥಿ ಚಳವಳಿ ಸಿನಿಮಾ ಮರೆತಿರಲ್ಲ! ಮಾಂಕ್ಟನ್ ವಿಶ್ವವಿದ್ಯಾಲಯದ ಹುಡುಗ ಹುಡುಗಿಯರು ಫ್ರೆಂಚ್ ಹಕ್ಕಿಗಾಗಿ ಬೀದಿಗಿಳಿದರು, ಇಂಗ್ಲಿಷ್ ಮೇಯರ್ ಮನೆ ಬಾಗಿಲಿಗೆ ಹಂದಿ ತಲೆ ತಗೊಂಡು ಹೋದರು. ಅದನ್ನೆಲ್ಲ ಚಿತ್ರೀಕರಿಸಿ 1971ರಲ್ಲಿ ಬಂದ ಸಾಕ್ಷ್ಯಚಿತ್ರ ನಾನು ಹಿಂದೆ ಬೆಂಗಳೂರಲ್ಲಿ ಒಂದು ಉತ್ಸವದಲ್ಲಿ ನೋಡಿದ್ದೆ. ಮೈ ಜುಮ್ಮೆನ್ನುತ್ತೆ. ಆದರೆ ಅದನ್ನು ಮಾಡಿದ ಮಿಶೆಲ್ ಬ್ರೊ ಮತ್ತು ಪಿಯೆರ್ ಪೆರೊ ಇಬ್ಬರೂ ಕ್ವಿಬೆಕ್‌ನವರು. ಅಕೇಡಿಯನ್ನರ ಅತಿ ಪ್ರಸಿದ್ಧ ಚಿತ್ರವನ್ನೂ ಹೊರಗಿನವರೇ ಮಾಡಿದ್ದು. ಸ್ಟುಡಿಯೊ ಬೇಕು ಅನ್ನೋ ಕೂಗಿಗೆ ಇದೂ ಒಂದು ಹಿನ್ನೆಲೆ ಅನ್ನಿಸುತ್ತೆ ನನಗೆ.

ಕಡಲಕರೆ_ಶೆಟ್ಟಿ

ಗೀತಕ್ಕ, ಹೊರಗಿನವರು ಮಾಡಿದ್ದು ಅಂದ್ರೆ ಅದಕ್ಕೂ ಹಿಂದೆ ಹೋಗ್ಬೇಕು ಮಾರಾಯ್ರೆ. ಕೆನಡಾದ ಮೊತ್ತಮೊದಲ ಪೂರ್ಣಪ್ರಮಾಣದ ಕಥಾಚಿತ್ರ ಅಂತ ಹೇಳೋದೇ 1913ರ ‘ಇವಾಂಜೆಲಿನ್’. ಹ್ಯಾಲಿಫ್ಯಾಕ್ಸ್‌ನ ಒಂದು ಕಂಪನಿ ಮಾಡಿದ್ದು, ಈಗ ಪ್ರಿಂಟ್ ಒಂದೂ ಉಳಿದಿಲ್ಲ. ಅದರ ಕಥೆ ಅಮೆರಿಕದ ಕವಿ ಲಾಂಗ್‌ಫೆಲೊ 1847ರಲ್ಲಿ ಬರೆದ ಕಾವ್ಯದ್ದು. ಗಡೀಪಾರಿನಲ್ಲಿ ಮದುಮಗನಿಂದ ಬೇರೆಯಾದ ಹುಡುಗಿ ಮುದುಕಿ ಆಗುವವರೆಗೆ ಅವನನ್ನು ಹುಡುಕ್ತಾ ಹೋಗೋದು. 1929ರಲ್ಲಿ ಹಾಲಿವುಡ್ ಪುನಃ ಮಾಡಿತು, ಮೆಕ್ಸಿಕೊದ ಡೊಲೊರೆಸ್ ದೆಲ್ ರಿಯೊ ನಾಯಕಿ.

ಅಂದ್ರೆ ಏನಾಯ್ತು? ಅಕೇಡಿಯನ್ ಹೆಂಗಸು ಪರದೆ ಮೇಲೆ ಬಂದದ್ದೇ ಅಮೆರಿಕದ ಗಂಡಸೊಬ್ಬ ಕಲ್ಪಿಸಿದ ರೂಪದಲ್ಲಿ. ಕಾಯುವವಳು, ಅಳುವವಳು, ಸೈರಿಸಿಕೊಳ್ಳುವವಳು. ಆ ಹುಡುಗಿಯ ಪ್ರತಿಮೆ ಉಂಟು, ಹೋಟೆಲು ಅಂಗಡಿಗಳಿಗೆ ಅವಳ ಹೆಸರುಂಟು. ಈ ಭಾರ ಹೊತ್ತುಕೊಂಡೇ ಅಲ್ಲಿನ ಹೆಂಗಸರು ಕ್ಯಾಮೆರಾ ಹಿಡಿದದ್ದು. 1996ರಲ್ಲೇ ಜಿನೆಟ್ ಪೆಲ್ರಾಂ ಅನ್ನುವವರು ಆ ಇವಾಂಜೆಲಿನ್ ಪುರಾಣವನ್ನೇ ಕೆದಕಿ ಒಂದು ಸಾಕ್ಷ್ಯಚಿತ್ರ ಮಾಡಿದ್ದಾರೆ. ಬ್ಲಾಂಶಾರ್ ಪಾದ್ರಿ ಮನೆಯ ಹೆಂಗಸರ ಚಿತ್ರ ಮಾಡಿದ ಅದೇ ವರ್ಷ. ಒಬ್ಬರು ಪ್ರತಿಮೆಯನ್ನು ಹಿಡಿದರು, ಇನ್ನೊಬ್ಬರು ಪಾತ್ರೆ ತಿಕ್ಕುವವರನ್ನು.

ಸುಮಾ_ಕಟಿಂಗ್‌ಟೇಬಲ್

ಶೆಟ್ರೇ, ಇದನ್ನು ನನ್ನ ಮಾತಿನಲ್ಲಿ ಬಳಸಿಕೊಳ್ಳುತ್ತೇನೆ, ಮೊದಲೇ ಹೇಳಿದ್ದೇನೆ.

ಮತ್ತೆ ಒಂದು ಕೊಂಡಿ ಹೊಳೀತು. ಬ್ಲಾಂಶಾರ್ ಅವರ ಇನ್ನೊಂದು ಸಾಕ್ಷ್ಯಚಿತ್ರ ‘ನೋ ಝೋಮ್ ದಾಂ ಲ್ವೆಸ್ಟ್’, ಅಂದರೆ ಪಶ್ಚಿಮಕ್ಕೆ ಹೋದ ನಮ್ಮ ಗಂಡಸರು. ಮೀನುಗಾರಿಕೆ, ಕಾರ್ಖಾನೆ ಕೈಕೊಟ್ಟ ಮೇಲೆ ಆ ಭಾಗದ ಗಂಡಸರು ಪಶ್ಚಿಮದ ಆಲ್ಬರ್ಟ ಪ್ರಾಂತ್ಯದ ತೈಲದ ಕೆಲಸಕ್ಕೆ ವಿಮಾನ ಹತ್ತಿ ಹೋಗ್ತಾರೆ, ಕೆಲವು ವಾರ ದುಡಿದು ಬರ್ತಾರೆ, ಮತ್ತೆ ಹೋಗ್ತಾರೆ. ಹೆಂಡತಿ ಮಕ್ಕಳು ಊರಲ್ಲಿ. ಕಾಯುವ ಹೆಂಗಸಿನ ಕಥೆಯೇ, ಆದರೆ ಇಲ್ಲಿ ಅವಳಿಗೆ ಮನೆ ಸಾಲದ ಕಂತಿದೆ, ಹಿಮ ತೆಗೆಯುವ ಕೆಲಸ ಇದೆ, ಗಂಡ ಮನೆಗೆ ಬಂದಾಗ ಇಬ್ಬರೂ ಹೊಸದಾಗಿ ಹೊಂದಿಕೊಳ್ಳುವ ತಾಪತ್ರಯ ಇದೆ.

ದೇಸಾಯಿ_ಹುಬ್ಬಳ್ಳಿ

ಇದು ನಮ್ಮ ಕಡೆ ಗುಳೆ ಹೋಗೋ ಮಂದಿ ಕಥಿನ ಆತಲ್ರಿ. ವಿಮಾನದ ಬದಲಿ ಗೋವಾ ಬಸ್ಸು ಅಷ್ಟ.

ಬಜೆಟ್_ಭೈರಪ್ಪ

ಎಲ್ಲಾ ಸರಿ. ಕಹಿ ಪ್ರಶ್ನೆ ಕೇಳ್ತೀನಿ, ಬೇಜಾರ್ ಮಾಡ್ಕೋಬೇಡಿ. ಸರ್ಕಾರಿ ಮಂಡಳಿ ದುಡ್ಡಲ್ಲಿ ಸಾಕ್ಷ್ಯಚಿತ್ರ, ಸರ್ಕಾರಿ ಚಾನೆಲ್ ದುಡ್ಡಲ್ಲಿ ಧಾರಾವಾಹಿ. ಟಿಕೆಟ್ ಕೊಂಡು ನೋಡೋ ಪ್ರೇಕ್ಷಕ ಎಲ್ಲಿದಾನೆ? ಇದನ್ನ ಚಿತ್ರೋದ್ಯಮ ಅಂತ ಕರೆಯೋಕಾಗುತ್ತಾ? ನಾಳೆ ಅನುದಾನ ನಿಂತ್ರೆ ಎಲ್ಲ ಮನೆಗೆ.

ಮಾಂಕ್ಟನ್_ಮಂಡ್ಯದವ

ಭೈರಪ್ಪನವರೇ, ನೀವು ನಾಳೆ ಅಂತಿದೀರಿ, ಅದು ಆಗ್ಲೇ ಒಂದ್ಸಲ ನಡೆದು ಹೋಗಿದೆ. 2011ರ ಬಜೆಟ್ಟಲ್ಲಿ ನ್ಯೂ ಬ್ರನ್ಸ್‌ವಿಕ್ ಸರ್ಕಾರ ಚಲನಚಿತ್ರದ ತೆರಿಗೆ ರಿಯಾಯಿತಿನ ರದ್ದು ಮಾಡ್ತು. ಪಕ್ಕದ ನೋವಾ ಸ್ಕೋಶಿಯ 2015ರಲ್ಲಿ ಅದೇ ಥರದ ಕೆಲಸ ಮಾಡ್ತು. ಆ ರಿಯಾಯಿತಿ ಅಂದ್ರೆ ಸ್ಥಳೀಯ ಕೆಲಸಗಾರರಿಗೆ ಕೊಟ್ಟ ಸಂಬಳದ ಒಂದು ಪಾಲು ನಿರ್ಮಾಪಕರಿಗೆ ವಾಪಸ್ ಬರೋದು. ಅದು ಹೋದ್ರೆ ಮೊದಲು ಹೊಡೆತ ಬೀಳೋದು ನಿರ್ದೇಶಕರಿಗಲ್ಲ. ಬಡಗಿ, ಎಲೆಕ್ಟ್ರಿಷಿಯನ್, ಮೇಕಪ್‌ನೋರು, ಊಟ ಸಪ್ಲೈ ಮಾಡೋರು, ಇವರಿಗೆ. ಕೆಲಸ ಕಲ್ತ ಹುಡುಗರು ಗಂಟುಮೂಟೆ ಕಟ್ಕೊಂಡು ಮಾಂಟ್ರಿಯಲ್‌ಗೆ ಹೊರಡ್ತಾರೆ.

ತೆಂಕುಪೇಟೆ_ಗೀತಾ

ನಾನು ವಾಣಿಜ್ಯ ವಿಭಾಗದಲ್ಲಿ ಪಾಠ ಮಾಡಿದವಳು, ಭೈರಪ್ಪನವರ ಪ್ರಶ್ನೆ ನ್ಯಾಯವಾದದ್ದೇ. ಆದರೆ ಲೆಕ್ಕ ತಿರುಗಿಸಿ ನೋಡಿ. ಆ ಪ್ರಾಂತ್ಯದ ಜನಸಂಖ್ಯೆ ಎಂಟು ಲಕ್ಷದ ಆಸುಪಾಸು, ಅದರಲ್ಲಿ ಫ್ರೆಂಚರು ಮೂರನೇ ಒಂದು ಪಾಲಿಗೂ ಕಡಿಮೆ. ಅಷ್ಟು ಜನ ಎಲ್ಲರೂ ಟಿಕೆಟ್ ಕೊಂಡರೂ ಒಂದು ಸಾಧಾರಣ ಚಿತ್ರದ ಬಂಡವಾಳ ಹುಟ್ಟೋದು ಕಷ್ಟ. ಮಾರುಕಟ್ಟೆಗೆ ಬಿಟ್ಟರೆ ಅಲ್ಲಿ ಫ್ರೆಂಚ್ ಚಿತ್ರವೇ ಇರುವುದಿಲ್ಲ. ನಮ್ಮ ಬ್ಯಾರಿ, ಕೊಡವ ಚಿತ್ರಗಳಿಗೆ ಸಬ್ಸಿಡಿ ಕೊಡುವುದು ಯಾಕೆ?

ಇನ್ನೊಂದು. ಕೆನಡಾದಲ್ಲಿ ಟಿವಿ ಚಿತ್ರಕ್ಕೆ ಹಣ ಬರುವ ಕ್ರಮ ಸರ್ಕಾರ ಕೈ ಎತ್ತಿ ಕೊಡೋದಲ್ಲ. ಮೊದಲು ಯಾವುದಾದರೂ ಚಾನೆಲ್ “ನಾವು ಪ್ರಸಾರ ಮಾಡ್ತೀವಿ” ಅಂತ ಪರವಾನಗಿ ಶುಲ್ಕಕ್ಕೆ ಸಹಿ ಹಾಕಬೇಕು. ಸಾಮಾನ್ಯವಾಗಿ ಅದು ಸಿಕ್ಕ ಮೇಲೇ ಕೆನಡಾ ಮೀಡಿಯಾ ಫಂಡ್ ಅನ್ನೋ ನಿಧಿಯ ಬಾಗಿಲು ತೆರೆಯುತ್ತೆ. ಕ್ವಿಬೆಕ್ ಹೊರಗಿನ ಫ್ರೆಂಚರಿಗೆ ಅಂತ ಅದರಲ್ಲಿ ಬೇರೆಯೇ ಪಾಲು ಇದೆ. ಅಂದರೆ ಕೀಲಿಕೈ ಇರೋದು ಚಾನೆಲ್‌ನ ಕೈಯಲ್ಲಿ, ಚಾನೆಲ್‌ನ ದೊಡ್ಡ ತೀರ್ಮಾನಗಳು ಆಗೋದು ಮಾಂಟ್ರಿಯಲ್‌ನಲ್ಲಿ. ಕಾರಾಕೆಯ ಕಥೆ ಹೇಳಲು ಮಾಂಟ್ರಿಯಲ್‌ನ ಒಪ್ಪಿಗೆ ಬೇಕು. ಬೈಯೋದಿದ್ದರೆ ಇದನ್ನು ಬೈಯಿರಿ, ಅನುದಾನವನ್ನಲ್ಲ.

ಚಿತ್ರಪಟ_77

ಅದಕ್ಕೇ ‘ಬೆಲ್-ಬೇ’ಯ ನಾಯಕಿ ಕ್ವಿಬೆಕ್ ತಾರೆ ಪಾಸ್ಕಾಲ್ ಬುಸಿಯೇರ್. ಅಕೇಡಿಯನ್ ಊರಿನ ಕಥೆ, ಮುಖ ಮಾಂಟ್ರಿಯಲ್‌ದು. ನನಗೆ ಇದು ಚುಚ್ಚುತ್ತೆ.

ದೇಸಾಯಿ_ಹುಬ್ಬಳ್ಳಿ

ಚುಚ್ಚೋದೇನ್ ಬಂತ್ರೀ? ಒಬ್ಬ ಸ್ಟಾರ್ ಹೆಸರ ಮ್ಯಾಲ ಚಾನೆಲ್ ಸಹಿ ಹಾಕಿತು ಅಂತ ಇಟ್ಕೊಳ್ರಿ, ಆಕಿ ಸುತ್ತ ಊರಿನ ಎಷ್ಟು ನಟರು, ಎಷ್ಟು ಕೆಲಸಗಾರರು ಪರದೆ ಮ್ಯಾಲ, ಪರದೆ ಹಿಂದ ಬಂದ್ರು? ಒಂದ ಸೀಸನ್ನಿಗೆ ನಿಂತಿಲ್ಲ ಅದು. ವರ್ಷಾನುಗಟ್ಟಲೆ ನಡೀತು. ಸಾಕ್ಷ್ಯಚಿತ್ರದ ಕ್ರ್ಯೂ ನಾಲ್ಕೈದು ಮಂದಿ, ಧಾರಾವಾಹಿ ಅಂದ್ರ ಒಂದು ಊರಿಗೆ ಊರೇ ಕೆಲಸ ಕಲೀತದ. ನಾ ಅನ್ನೂದು ಇಷ್ಟ: ಆಕಿ ಮಾಡಿದ್ರಾಗ ಎಲ್ಲಕ್ಕಿಂತ ದೊಡ್ಡದು ‘ಬೆಲ್-ಬೇ’ನ.

ಕಡಲಕರೆ_ಶೆಟ್ಟಿ

ನಿರ್ಮಾಪಕಿಯ ಹೆಸರೂ ಹೇಳ್ಬೇಕು ಇಲ್ಲಿ. ಸೆಸಿಲ್ ಶೆವ್ರಿಯೆ, ಫಾರ್-ಎಸ್ಟ್ ಅನ್ನುವ ಮಾಂಕ್ಟನ್‌ನ ಕಂಪನಿ. ಅಂದ್ರೆ ಧಾರಾವಾಹಿ ಕಟ್ಟಿದವರು ಹೆಂಗಸು, ಅದಕ್ಕೆ ದುಡ್ಡು ಹೊಂದಿಸಿದವರೂ ಹೆಂಗಸು. ನಮ್ಮಲ್ಲಿ ಮಹಿಳಾ ನಿರ್ದೇಶಕಿ ಅಂತ ಲೇಖನ ಬರೆಯುವಾಗ ನಿರ್ಮಾಪಕಿಯರನ್ನು ಯಾರೂ ಲೆಕ್ಕಕ್ಕೆ ಇಡುವುದಿಲ್ಲ. ಫೈಲ್ ಹಿಡಿದುಕೊಂಡು ಆಫೀಸಿಂದ ಆಫೀಸಿಗೆ ಅಲೆಯುವವರು ಯಾರು?

ಬಜೆಟ್_ಭೈರಪ್ಪ

ಕಾಸ್ಟಿಂಗ್ ವಿಚಾರದಲ್ಲಿ ಚಿತ್ರಪಟ ಸರಿ, ಕೆಲಸದ ವಿಚಾರದಲ್ಲಿ ದೇಸಾಯಿ ಸರಿ. ನನ್ನ ಪ್ರಶ್ನೆಗೆ ಗೀತಾ ಮೇಡಂ ಉತ್ತರ ಪೂರ್ತಿ ಒಪ್ಪಲ್ಲ. ಎರಡೇ ಸಂಸ್ಥೆ ಮೇಲೆ ನಿಂತಿರೋ ಸಿನಿಮಾಗೆ ಆ ಸಂಸ್ಥೆಗಳನ್ನ ಟೀಕೆ ಮಾಡೋ ಧೈರ್ಯ ಇರುತ್ತಾ ಅನ್ನೋದು ನನ್ನ ಅನುಮಾನ.

ಸುಮಾ_ಕಟಿಂಗ್‌ಟೇಬಲ್

ಆ ಸಂಸ್ಥೆಗಳನ್ನು ಟೀಕಿಸ್ತಾರೋ ಇಲ್ಲವೋ, ಅದಕ್ಕಿಂತ ದೊಡ್ಡ ಸಂಸ್ಥೆಯನ್ನು ಮುಟ್ಟಿದ್ದಾರಲ್ಲ ಭೈರಪ್ಪನವರೇ. ‘ಲೆ ಸಿಲಾನ್ಸ್’ ಬಗ್ಗೆ ಸ್ವಲ್ಪ ಉದ್ದಕ್ಕೆ ಬರೀತೀನಿ, ತಾಳ್ಮೆ ಇರಲಿ.

ಅಕೇಡಿಯನ್ನರಿಗೆ ಚರ್ಚು ಅಂದರೆ ಬರೀ ಪೂಜೆಯ ಜಾಗ ಅಲ್ಲ. ಗಡೀಪಾರಾದ ಮೇಲೆ ಅವರಿಗೆ ರಾಜ್ಯ ಇಲ್ಲ, ಶಾಲೆ ಇಲ್ಲ, ಪತ್ರಿಕೆ ಇಲ್ಲ. ಅದನ್ನೆಲ್ಲ ಕಟ್ಟಿಕೊಡುವುದರಲ್ಲಿ ಪಾದ್ರಿಗಳ ಪಾತ್ರ ದೊಡ್ಡದು. 1881ರಲ್ಲಿ ಮೆಮ್‌ರಾಮ್‌ಕುಕ್ ಅನ್ನೋ ಊರಲ್ಲಿ ಸಮಾವೇಶ ಸೇರಿ ರಾಷ್ಟ್ರೀಯ ಹಬ್ಬಕ್ಕೆ ಆರಿಸಿಕೊಂಡ ಆಗಸ್ಟ್ 15 ಮೇರಿ ಮಾತೆಯ ಹಬ್ಬದ ದಿನ. 1884ರಲ್ಲಿ ಒಪ್ಪಿಕೊಂಡ ಬಾವುಟ ಫ್ರಾನ್ಸಿನ ಮೂರು ಬಣ್ಣ, ಅದರ ಮೇಲೆ ಮೇರಿ ಮಾತೆಯ ಹಳದಿ ನಕ್ಷತ್ರ. ಅದನ್ನು ರೂಪಿಸಿದವರು ಮಾರ್ಸೆಲ್-ಫ್ರಾಂಸ್ವಾ ರಿಶಾರ್ ಅನ್ನೋ ಪಾದ್ರಿ. ರಾಷ್ಟ್ರಗೀತೆ ಅಂತ ಹಾಡೋದು ಲ್ಯಾಟಿನ್ ಸ್ತೋತ್ರ. ಅಂದಮೇಲೆ ಪಾದ್ರಿಯ ಮೇಲೆ ದೂರು ಹೇಳಿದರೆ ಅದು ಒಬ್ಬ ಮನುಷ್ಯನ ಮೇಲಿನ ದೂರಾಗಿ ಉಳಿಯೋದಿಲ್ಲ. ನಿನ್ನ ಭಾಷೆ, ನಿನ್ನ ಬಾವುಟ, ನಿನ್ನ ಅಜ್ಜಿ ಎಲ್ಲರ ಮೇಲೂ ಕೈ ಎತ್ತಿದ ಹಾಗೆ ಆಗುತ್ತೆ. ಎಂಟು ಹತ್ತು ವರ್ಷದ ಹುಡುಗ ಇದನ್ನು ಯಾರ ಹತ್ತಿರ ಹೇಳಿಯಾನು?

ಕ್ಯಾಪ್-ಪೆಲೆ ಅನ್ನೋ ಊರಲ್ಲಿ ಹಾಗೆ ಆರೋಪ ಹೊತ್ತ ಪಾದ್ರಿಯ ಹೆಸರನ್ನೇ ಊರಿನ ಐಸ್ ಹಾಕಿ ಕ್ರೀಡಾಂಗಣಕ್ಕೆ ಇಟ್ಟಿದ್ದರು. ಅವನಿಂದ ನೊಂದವರು ತಮ್ಮ ಮಕ್ಕಳನ್ನು ಆಟಕ್ಕೆ ಬಿಡಲು ಆ ಬೋರ್ಡಿನ ಕೆಳಗೇ ಹಾದು ಹೋಗಬೇಕು. ಆ ಹೆಸರು ತೆಗೆದದ್ದು 2012ರಲ್ಲಿ, ಪಾದ್ರಿ ಸತ್ತು ಎಷ್ಟೋ ವರ್ಷದ ನಂತರ. ಆ ವರ್ಷಗಳಲ್ಲೇ ಬಾಥರ್ಸ್ಟ್ ಮತ್ತು ಮಾಂಕ್ಟನ್ ಧರ್ಮಪ್ರಾಂತ್ಯಗಳು ಪರಿಹಾರ ಕೊಡಲು ಸುಪ್ರೀಂ ಕೋರ್ಟಿನ ನಿವೃತ್ತ ನ್ಯಾಯಮೂರ್ತಿ ಮಿಶೆಲ್ ಬಾಸ್ತರಾಶ್ ಅವರನ್ನು ನೇಮಿಸಿದ್ದವು. ಅವರೂ ಅಕೇಡಿಯನ್ನರೇ. ಪರಿಹಾರ ಗುಟ್ಟಾಗಿ ನಡೆಯಿತು. ದುಡ್ಡು ಸಿಕ್ಕಿತು, ಮಾತು ಮಾತ್ರ ಹೊರಗೆ ಬರಲಿಲ್ಲ.

ಬ್ಲಾಂಶಾರ್ ಕೈಹಾಕಿದ್ದು ಅಲ್ಲಿಗೆ. ಅಪರಾಧಿ ಯಾರು ಅನ್ನೋದು ಆಗಲೇ ಗೊತ್ತಿತ್ತು. ಅವರ ಪ್ರಶ್ನೆ ಬೇರೆ: ಎಲ್ಲರಿಗೂ ಅಷ್ಟಿಷ್ಟು ಗೊತ್ತಿದ್ದೂ ಯಾಕೆ ಯಾರೂ ಹೇಳಲಿಲ್ಲ? ನಾನು ಇಂಥ ಸಂದರ್ಶನಗಳನ್ನು ಕತ್ತರಿಸಿದ್ದೇನೆ, ಹಾಗಾಗಿ ಒಂದು ಮಾತು ಹೇಳಬಲ್ಲೆ. ದೂರದ ಊರಿಂದ ಬಂದ ನಿರ್ದೇಶಕರಿಗೆ ಕತ್ತರಿ ಹಗುರ. ಸಿಕ್ಕ ಕಣ್ಣೀರನ್ನು ಇಟ್ಟುಕೊಂಡು ಊರು ಬಿಡಬಹುದು. ಅದೇ ಸೀಮೆಯವರಿಗೆ ಹಾಗಲ್ಲ. ಇವತ್ತು ಕ್ಯಾಮೆರಾ ಮುಂದೆ ಕೂತವನು ನಾಳೆ ಅಂಗಡಿಯಲ್ಲಿ ಎದುರಾಗ್ತಾನೆ, ಅವನ ತಂಗಿ ನಿಮ್ಮ ಜತೆ ಓದಿರ್ತಾಳೆ, ಪಾದ್ರಿ ಪರವಾಗಿ ಮಾತಾಡೋ ಮುದುಕಿ ನಿಮ್ಮ ದೊಡ್ಡಮ್ಮನ ಸ್ನೇಹಿತೆ. ಯಾವ ವಾಕ್ಯ ಎಲ್ಲಿ ನಿಲ್ಲಿಸಬೇಕು ಅನ್ನೋದೇ ಅಲ್ಲಿ ನೈತಿಕ ಪ್ರಶ್ನೆ.

ಅದಕ್ಕೇ ನನಗೆ 1996ರ ಚಿತ್ರ ಮುಖ್ಯ. ಪಾದ್ರಿ ಮನೆಯ ಒಳಗೆ ದಿನವಿಡೀ ಇದ್ದ ಹೆಂಗಸರನ್ನು ಕೂರಿಸಿ ಮಾತಾಡಿಸಿದ ಚಿತ್ರ ಅದು. ಅವರ ದುಡಿಮೆ, ಭಕ್ತಿ, ಒಂಟಿತನ. ಆಗ ದೌರ್ಜನ್ಯದ ಪ್ರಸ್ತಾಪ ಅದರ ವಿಷಯವಲ್ಲ. ಇವತ್ತು ಅದನ್ನು ನೋಡುವವರಿಗೆ ಆ ಮನೆಯ ಮುಚ್ಚಿದ ಬಾಗಿಲುಗಳು ಬೇರೆ ಥರ ಕಾಣುತ್ತವೆ. ಆ ಹೆಂಗಸರು ತಪ್ಪು ಮಾಡಿದರು ಅಂತ ನಾನು ಹೇಳ್ತಿಲ್ಲ, ದಯವಿಟ್ಟು ಹಾಗೆ ಓದಬೇಡಿ.

ತೆಂಕುಪೇಟೆ_ಗೀತಾ

ಸುಮಾ, ನೀನು ಬೇಡ ಅಂದರೂ ಪ್ರೇಕ್ಷಕರು ಹಾಗೇ ಓದ್ತಾರೆ ಕಣಮ್ಮ. ಎರಡು ಚಿತ್ರ ಜೋಡಿಸಿ ತೋರಿಸಿದ ಕೂಡಲೇ ಮೊದಲನೇ ಚಿತ್ರದ ಅಡುಗೆಯವರೆಲ್ಲ ಸಾಕ್ಷಿಗಳಾಗಿಬಿಡ್ತಾರೆ, “ನೋಡಿಯೂ ಸುಮ್ಮನಿದ್ದವರು” ಆಗಿಬಿಡ್ತಾರೆ. ಆ ಹೆಂಗಸರು ಒಪ್ಪಿಗೆ ಕೊಟ್ಟಿದ್ದು ತಮ್ಮ ದುಡಿಮೆಯ ಕಥೆ ಹೇಳಲು. ಯಾವ ಪಾದ್ರಿ, ಯಾವ ಊರು ಅನ್ನೋದೂ ಬೇರೆ ಬೇರೆ. ಜೋಡಿ ಪ್ರದರ್ಶನವೂ ಒಂದು ಎಡಿಟಿಂಗೇ ಅಲ್ಲವೇ?

ಕಡಲಕರೆ_ಶೆಟ್ಟಿ

ಗೀತಕ್ಕ ಹೇಳಿದ್ದಕ್ಕೆ ನನ್ನದೊಂದು ಓಟು.

ದೇಸಾಯಿ_ಹುಬ್ಬಳ್ಳಿ

ನಂದೂ.

ಸುಮಾ_ಕಟಿಂಗ್‌ಟೇಬಲ್

ಒಪ್ಪಲು ಕಷ್ಟ ಆಗ್ತಿದೆ ಗೀತಕ್ಕ. ನಿರ್ದೇಶಕಿಯೇ ಒಬ್ಬರಾಗಿರುವಾಗ ಆ ಎರಡರ ನಡುವಿನ ದಾರಿ ತೋರಿಸದೆ ಅವರ ವೃತ್ತಿಜೀವನದ ಬಗ್ಗೆ ಏನು ಮಾತಾಡಲಿ? ಇಪ್ಪತ್ತನಾಲ್ಕು ವರ್ಷದಲ್ಲಿ ಕೇಳುವ ಪ್ರಶ್ನೆ ಬದಲಾಗಿದೆ ಅನ್ನೋದೇ ಅಲ್ಲಿ ನೋಡಬೇಕಾದ್ದು.

ಮಾಂಕ್ಟನ್_ಮಂಡ್ಯದವ

ನಡುವೆ ಒಂದು ಚಿತ್ರ ಇದೆಯಲ್ಲ ಮೇಡಂ, ನೀವೇ ಹೇಳಿದ್ದು. ರಾವುಲ್ ಲೆಜೆ ಬಗ್ಗೆ 2002ರದ್ದು. ಅವನು ಪಾದ್ರಿ ಅಲ್ಲ, ಆದ್ರೂ ಚರ್ಚಿನ ಕೆಲಸಕ್ಕೆ ಅಂತ ಗ್ವಾಟೆಮಾಲಕ್ಕೆ ಹೋದ ಇಲ್ಲಿನ ಹುಡುಗ. ಅಲ್ಲಿ ಅಂತರ್ಯುದ್ಧ, ಸೇನೆ ಹಳ್ಳಿ ಹಳ್ಳಿನೇ ಸುಡ್ತಿದ್ದ ಕಾಲ. 1981ರಲ್ಲಿ ಸತ್ತ. ಹೇಗೆ, ಯಾಕೆ, ಯಾರ ಜತೆ ಸೇರಿದ್ದ ಅನ್ನೋದು ಮನೆಯವರಿಗೆ ಚೂರು ಚೂರಾಗಿ ಮಾತ್ರ ತಿಳೀತು. ಬ್ಲಾಂಶಾರ್ ಆ ಚೂರುಗಳನ್ನ ಹುಡುಕ್ಕೊಂಡು ಹೋಗ್ತಾರೆ.

ಇದನ್ನ ಮಧ್ಯ ಇಟ್ರೆ ಗೀತಕ್ಕನ ಆಕ್ಷೇಪಣೆ ಕರಗುತ್ತೆ ಅನ್ಸುತ್ತೆ. ಮೂರರಲ್ಲೂ ಧರ್ಮದ ಸೇವೆಗೆ ನಿಂತ ಜನ ಇದಾರೆ. ಒಂದರಲ್ಲಿ ಮನೆ ಕೆಲಸದ ಹೆಂಗಸರು, ಒಂದರಲ್ಲಿ ಪ್ರಾಣ ಕೊಟ್ಟವನು, ಒಂದರಲ್ಲಿ ಸೇವೆ ಹೆಸರಲ್ಲಿ ಮಕ್ಕಳನ್ನ ಹಾಳು ಮಾಡಿದವರು. ಚರ್ಚ್ ವಿರೋಧಿ ಅಂತ ಯಾರೂ ಹೇಳಕ್ಕಾಗಲ್ಲ.

ತೆಂಕುಪೇಟೆ_ಗೀತಾ

ಮೂರಾದರೆ ನನ್ನ ತಕರಾರಿಲ್ಲ. ಒಂದೇ ಸಂಜೆ ಬೇಡ, ಜನ ಎದ್ದು ಹೋಗ್ತಾರೆ. ಎರಡು ಭಾನುವಾರ ಮಾಡು.

ಚಿತ್ರಪಟ_77

ಬ್ಲಾಂಶಾರ್ ಒಬ್ಬರೇನಾ ಅಥವಾ ಬೇರೆ ಹೆಂಗಸರೂ ಇದ್ದಾರಾ ಅಲ್ಲಿ? ಪೆಲ್ರಾಂ ಹೆಸರು ಬಂತು.

ಕಡಲಕರೆ_ಶೆಟ್ಟಿ

ಇದ್ದಾರೆ. ಬೆಟ್ಟಿ ಅರ್ಸೆನೋ 1980ರ ದಶಕದಲ್ಲೇ ಮಂಡಳಿಗೆ ಸಾಕ್ಷ್ಯಚಿತ್ರ ಮಾಡಿದವರು. ಅನ್-ಮಾರಿ ಸಿರ್ವಾ ಅನಿಮೇಷನ್‌ನವರು. ಮೊನಿಕ್ ಲೆಬ್ಲಾಂ 1990ರ ದಶಕದಲ್ಲಿ ಲೆಬ್ಲಾಂ ವಂಶದ ಜಾಡು ಹಿಡಿದು ಚಿತ್ರ ಮಾಡಿದರು, 2019ರಲ್ಲಿ ಲುಯೀಸ್ ದುಪ್ರೆ ಅವರ ಕವಿತೆಯೊಂದನ್ನು ಸಿನಿಮಾ ಮಾಡಿದರು. ಪೆಲ್ರಾಂ ಅವರೇ 2009ರಲ್ಲಿ ಸಾಹಿತಿ ಆಂತೊನಿನ್ ಮಾಯೆ ಬಗ್ಗೆ ಮಾಡಿದ್ದುಂಟು. ಮಾಯೆ ಗೊತ್ತಲ್ಲ, 1979ರಲ್ಲಿ ಫ್ರಾನ್ಸಿನ ಗೊಂಕೂರ್ ಪ್ರಶಸ್ತಿ ಪಡೆದವರು, 2025ರ ಫೆಬ್ರವರಿಯಲ್ಲಿ ತೀರಿಕೊಂಡರು.

ಸಮಾರಾ ಚಾಡ್ವಿಕ್ ಇನ್ನೂ ಹೊಸ ತಲೆಮಾರು. 2018ರ ‘1999’ ನೋಡಿ. ತಾನು ಓದಿದ ಶಾಲೆಯಲ್ಲಿ ನಡೆದ ವಿದ್ಯಾರ್ಥಿಗಳ ಆತ್ಮಹತ್ಯೆಗಳ ಬಗ್ಗೆ, ಆಗ ಯಾರೂ ಬಾಯಿ ಬಿಡದ ವಿಷಯ. ಗಮನಿಸಿದ್ರಾ? ಅದರಲ್ಲೂ ಪುನಃ ಮಾತಾಡದೆ ಉಳಿದದ್ದೇ ವಿಷಯ.

ಮಾಂಕ್ಟನ್_ಮಂಡ್ಯದವ

ಮಾರಿ ಕಾದ್ಯೂ ಕೂಡ. 1969ರಲ್ಲಿ ಮಿಶೆಲ್ ಬ್ರೊ ಇಲ್ಲಿನ ಒಂದು ಶಾಲೆ ತರಗತೀಲಿ ಕ್ಯಾಮೆರಾ ಇಟ್ಟು ‘ಶಿಯಾಕ್’ ಬಗ್ಗೆ ಕಿರುಚಿತ್ರ ಮಾಡಿದ್ರು. ಶಿಯಾಕ್ ಅಂದ್ರೆ ಮಾಂಕ್ಟನ್ ಕಡೆ ಹುಡುಗರು ಮಾತಾಡೋ ಫ್ರೆಂಚ್ ಇಂಗ್ಲಿಷ್ ಬೆರಕೆ. ನಲವತ್ತು ವರ್ಷ ಬಿಟ್ಟು 2009ರಲ್ಲಿ ಕಾದ್ಯೂ ಅದರ ಎರಡನೇ ಭಾಗ ಮಾಡಿದ್ರು. ನಾನು ಫ್ರೆಂಚ್ ತರಗತಿಗೆ ದುಡ್ಡು ಕಟ್ಟಿ ಪ್ಯಾರಿಸ್ ಫ್ರೆಂಚ್ ಕಲ್ತು ಬಂದ್ರೆ ಗೋದಾಮಲ್ಲಿ ಎಲ್ಲರೂ ಮಾತಾಡೋದು ಶಿಯಾಕು. ಆ ಕಿರುಚಿತ್ರ ನೋಡಿದ ಮೇಲೇ ಸಮಾಧಾನ ಆಗಿದ್ದು.

ಬಜೆಟ್_ಭೈರಪ್ಪ

ಹೆಸರುಗಳ ಪಟ್ಟಿ ನೋಡಿದ್ರೆ ಒಂದು ಕಾಣುತ್ತೆ. ಇಷ್ಟೂ ಹೆಂಗಸರು ಮಾಡಿರೋದು ಬಹುಪಾಲು ಸಾಕ್ಷ್ಯಚಿತ್ರ. ಕಥಾಚಿತ್ರ ಎಲ್ಲಿ? ಅಕೇಡಿಯನ್ ಕಥಾಚಿತ್ರ ಅಂದ ಕೂಡಲೇ ಸಿಗೋದು 1994ರ ಫಿಲ್ ಕೊಮೊ ಚಿತ್ರ, 1999ರ ರೊದ್ರಿಗ್ ಜಾಂ ಚಿತ್ರ. ಇಬ್ಬರೂ ಗಂಡಸರು. ದುಡ್ಡು ಜಾಸ್ತಿ ಬೇಕಾದ ಕಡೆ ಹೆಂಗಸರು ಕಮ್ಮಿ. ಇದು ಎಲ್ಲಾ ಕಡೆ ಇರೋ ರೋಗ.

ನೀವು ಹೊಗಳ್ತಿರೋ ಎನ್‌ಎಫ್‌ಬಿಯೇ ಅರ್ಧ ಚಿತ್ರ, ಅರ್ಧ ಬಜೆಟ್ ಮಹಿಳಾ ನಿರ್ದೇಶಕರಿಗೆ ಅಂತ ಘೋಷಣೆ ಮಾಡಿದ್ದು 2016ರಲ್ಲಿ. ಅಲ್ಲಿಗೆ ಬ್ಲಾಂಶಾರ್ ಪಾದ್ರಿ ಮನೆಯ ಹೆಂಗಸರ ಚಿತ್ರ ಮಾಡಿ ಇಪ್ಪತ್ತು ವರ್ಷ.

ಸುಮಾ_ಕಟಿಂಗ್‌ಟೇಬಲ್

ಇದು ಸರಿಯಾದ ಏಟು. ಆ ಲೆಕ್ಕದಲ್ಲಿ ನೋಡಿದರೆ ‘ಬೆಲ್-ಬೇ’ ಆಕೆಯ ಕಥಾಚಿತ್ರ. ಸಿನಿಮಾದಲ್ಲಿ ಸಿಗದ ಅಳತೆ, ಪಾತ್ರಗಳು, ವರ್ಷಗಳು ಟಿವಿಯಲ್ಲಿ ಸಿಕ್ಕವು. ದೇಸಾಯಿ ಸರ್ ಹೇಳಿದ ಕಾರಣಕ್ಕಲ್ಲ, ಭೈರಪ್ಪನವರು ಹೇಳಿದ ಕಾರಣಕ್ಕೆ ಧಾರಾವಾಹಿಯನ್ನು ಸೇರಿಸಿಕೊಳ್ತೇನೆ.

ದೇಸಾಯಿ_ಹುಬ್ಬಳ್ಳಿ

ಯಾರ ಕಾರಣಕ್ಕರ ಸೇರಸ್ರಿ, ಸೇರಿದ್ರ ಸಾಕು.

ಸುಮಾ_ಕಟಿಂಗ್‌ಟೇಬಲ್

ಹಾಗಾದರೆ ಮೊದಲ ಭಾನುವಾರ: ಶೆಟ್ಟರ ಇವಾಂಜೆಲಿನ್ ವಿವರದಿಂದ ಮಾತು ಶುರು, ಪಾದ್ರಿ ಮನೆಯ ಹೆಂಗಸರ ಚಿತ್ರ, ಆಮೇಲೆ ರಾವುಲ್ ಲೆಜೆ. ಎರಡನೇ ಭಾನುವಾರ ‘ಬೆಲ್-ಬೇ’ ಒಂದು ಎಪಿಸೋಡ್ ಪೂರ್ತಿ, ಕೊನೆಗೆ ‘ಲೆ ಸಿಲಾನ್ಸ್’. ಪಶ್ಚಿಮಕ್ಕೆ ಹೋದ ಗಂಡಸರ ಚಿತ್ರ ಸಿಕ್ಕರೆ ಅದನ್ನು ಎರಡನೇ ದಿನಕ್ಕೆ ತುರುಕಬೇಕು, ಸಮಯ ಸಾಲುತ್ತೋ ನೋಡಬೇಕು.

ಎನ್‌ಎಫ್‌ಬಿ ತನ್ನ ಜಾಲತಾಣದಲ್ಲಿ ಸಾವಿರಾರು ಚಿತ್ರಗಳನ್ನು ಉಚಿತವಾಗಿ ಇಟ್ಟಿದೆ, ಮನೆಯಲ್ಲಿ ನೋಡಲು ತೊಂದರೆ ಇಲ್ಲ. ಸಾರ್ವಜನಿಕ ಪ್ರದರ್ಶನಕ್ಕೆ ಅನುಮತಿ ಬೇರೆ ಕೇಳಬೇಕು, ಪತ್ರ ಬರೀತೇನೆ. ನನ್ನ ಭಯ ಸಬ್‌ಟೈಟಲ್‌ದು. ಇಂಗ್ಲಿಷ್ ಇರೋ ಕಡೆ ಸರಿ, ಇಲ್ಲದ ಕಡೆ ಕನ್ನಡದಲ್ಲಿ ನಾವೇ ಬರೆಯಬೇಕು. ಮಾಂಕ್ಟನ್‌ನವರೇ, ಆ ಕಡೆಯ ಮಾತು ನಿಮಗೆ ಕಿವಿಗೆ ಹತ್ತಿದೆ. ಕೈ ಜೋಡಿಸ್ತೀರಾ?

ಮಾಂಕ್ಟನ್_ಮಂಡ್ಯದವ

ಕಾರಾಕೆ ಕಡೆ ಮಾತು ಮಾಂಕ್ಟನ್ ಶಿಯಾಕ್ ಅಲ್ಲ ಮೇಡಂ, ಅದರ ವರಸೆನೇ ಬೇರೆ, ಮುದುಕರದ್ದು ಇನ್ನೂ ಕಷ್ಟ. ಇಲ್ಲಿ ನಮ್ಮ ಗೋದಾಮಲ್ಲಿ ಕಾರಾಕೆ ಇರೋ ಆ ಪೆನಿನ್ಸುಲಾ (ಪರ್ಯಾಯದ್ವೀಪ) ಕಡೆಯ ಒಬ್ಬರು ಇದಾರೆ, ಅವರನ್ನ ಕೂರಿಸ್ಕೊಂಡು ಮಾಡ್ಬಹುದು. ಶನಿವಾರ ಆದ್ರೆ ಆಗುತ್ತೆ. ಮೊದಲು ಅಡುಗೆಯವರ ಚಿತ್ರ ಕಳಿಸಿ, ‘ಲೆ ಸಿಲಾನ್ಸ್’ ಅವರ ಜತೆ ಕೂತು ಮಾಡಕ್ಕೆ ಆಗುತ್ತಾ ಅಂತ ಕೇಳಿ ಹೇಳ್ತೀನಿ. ಅವರೂ ಆ ಚಿತ್ರದಲ್ಲಿ ನೊಂದವರ ವಯಸ್ಸಿನೋರೇ.

ಸುಮಾ_ಕಟಿಂಗ್‌ಟೇಬಲ್

ಕೇಳಿ. ಅವರು ಬೇಡ ಅಂದರೆ ಒತ್ತಾಯ ಮಾಡಬೇಡಿ, ಅದಕ್ಕೆ ಬೇರೆ ಯಾರನ್ನಾದರೂ ಹುಡುಕೋಣ. ಫೈಲ್ ಸಂಜೆ ಕಳಿಸ್ತೇನೆ.